ಹೊತ್ತು ಮುಳುಗುವ ಮುಂಚಿನ ಗಂಟೆ

ಇಂಥ ಸಂಗತಿಗಳನ್ನು ಬೇರೆಯವರು ಹೇಳಿದಾಗ ನಾನು ನಕ್ಕವನೇ. ಮೂವತ್ತು ವರ್ಷ ಹೈಸ್ಕೂಲಿನಲ್ಲಿ ಕನ್ನಡ ಕಲಿಸಿದೆ. ಸ್ಟಾಫ್ ರೂಮಿನಲ್ಲಿ ಯಾರಾದರೂ ಕನಸು ಖರೇ ಆಯಿತು, ಸತ್ತವರು ಬಂದು ಕರೆದರು ಎಂದು ಶುರು ಮಾಡಿದರೆ, ಬೆಲ್ ಆಯಿತು ಎಂದು ಹಾಜರಿ ಪುಸ್ತಕ ತೆಗೆದುಕೊಂಡು ಎದ್ದುಬಿಡುತ್ತಿದ್ದೆ. ಈಗಲೂ ದೆವ್ವ ಭೂತ ನಂಬುವುದಿಲ್ಲ. ನನಗಾದದ್ದರಲ್ಲಿ ದೆವ್ವವೂ ಇಲ್ಲ, ಕತ್ತಲೆಯೂ ಇಲ್ಲ. ಹಾಡುಹಗಲು, ಮಧ್ಯಾಹ್ನದ ಚಹಾದ ಹೊತ್ತು ನಡೆದದ್ದು. ಅದಕ್ಕೇ ಯಾರಿಗೂ ಹೇಳಲು ಧೈರ್ಯವಾಗಿಲ್ಲ.

ಕಾಗವಾಡದ ಕಡೆ, ಹೊಳೆಗೆ ಹತ್ತಿರ, ಒಂದು ಸಣ್ಣ ಕ್ಯಾಥೊಲಿಕ್ ಆಸ್ಪತ್ರೆ ಇದೆ. ಜನ ಅದನ್ನು ಸಿಸ್ಟರ್ ದವಾಖಾನೆ ಎನ್ನುತ್ತಾರೆ. ನಾನು ಹುಟ್ಟಿದ್ದು ಅಲ್ಲಿ. ನನ್ನ ಅವ್ವ ಸತ್ತದ್ದೂ ಅಲ್ಲೇ, ನಾನು ಹುಟ್ಟಿದ ಮರುದಿನ ಬೆಳಗ್ಗೆ. ನಾವು ಜೈನರು, ಹೊಳೆಯ ಆಚೆ ದಂಡೆಯವರು. ಹೊತ್ತು ಮುಳುಗಿದ ಮೇಲೆ ನಮ್ಮಲ್ಲಿ ಉಣ್ಣುವುದಿಲ್ಲ. ಅವ್ವನಿಗೆ ಬೇನೆ ಶುರುವಾದಾಗ ಅಪ್ಪ ಅವಳನ್ನು ಅಲ್ಲಿ ಬಿಟ್ಟು, ತನ್ನ ತಾಯಿಯನ್ನು ಕರೆತರಲು ಮನೆಗೆ ಬಂದ. ಅಷ್ಟರಲ್ಲಿ ಕೃಷ್ಣೆ ಏರಿ ದೋಣಿ ನಿಂತಿತು. ಅವರು ದವಾಖಾನೆ ಮುಟ್ಟುವಷ್ಟರಲ್ಲಿ ಎಲ್ಲ ಮುಗಿದಿತ್ತು, ನಾನೊಬ್ಬ ಉಳಿದಿದ್ದೆ.

ನನ್ನನ್ನು ಬೆಳೆಸಿದವಳು ಅಪ್ಪನ ತಾಯಿ, ನಮ್ಮ ಆಯಿ. ಅವ್ವನ ಬಗ್ಗೆ ಏನು ಕೇಳಿದರೂ ಆಯಿ ಒಂದೇ ಮಾತು ಹೇಳುತ್ತಿದ್ದಳು: "ನಿಮ್ಮವ್ವ ಹಸ್ಕೊಂಡ ಹೋದ್ಳಪಾ. ಆ ಬಿಳಿ ಮಂದಿಗಿ ನಮ್ಮ ಹೊತ್ತ ಏನ ಗೊತ್ತ? ದೀಪಾ ಹಚ್ಚಿದ ಮ್ಯಾಲ ತಾಟ ತಂದಿರ್ತಾರ, ಇಕಿ ಒಲ್ಲೆ ಅಂದಿರ್ತಾಳ."

ಆಯಿ ಅದನ್ನು ಕಣ್ಣಾರೆ ಕಂಡದ್ದಲ್ಲ, ಬರೀ ಊಹೆ. ಆದರೆ ಹಡೆದು ಸುಸ್ತಾಗಿ, ಹೊಟ್ಟೆಗೆ ತುತ್ತಿಲ್ಲದೆ, ತನ್ನವರು ಯಾರೂ ಇಲ್ಲದೆ ಅವ್ವ ಹೋದಳು ಎಂಬುದು ನನ್ನೊಳಗೆ ಕೂತುಬಿಟ್ಟಿತು. ಹುಡುಗನಿದ್ದಾಗ ಅತ್ತಿದ್ದೇನೆ. ಮೀಸೆ ಬಂದ ಮೇಲೆ ಅಳು ಹೋಗಿ ಆ ನೇಮದ ಮೇಲೆ ಸಿಟ್ಟಾಯಿತು. ಬೇಕೆಂದೇ ಕತ್ತಲಾದ ಮೇಲೆ ಉಣ್ಣತೊಡಗಿದೆ. ಮನೆಯವರೆಲ್ಲ ಉಂಡು ಪಾತ್ರೆ ತಿಕ್ಕಿಟ್ಟ ಮೇಲೆ ನಾನೊಬ್ಬನೇ ತಾಟು ಇಟ್ಟುಕೊಂಡು ಕೂರುತ್ತಿದ್ದೆ. ಮದುವೆಯಾದ ಮೇಲೂ ಹಾಗೇ. ಹೆಂಡತಿ ಸಂಜೆ ತಾನು ಉಂಡು, ನನ್ನ ತಾಟು ಮುಚ್ಚಿಡುತ್ತಿದ್ದಳು. ಒಮ್ಮೆಯೂ ಏಕೆ ಎಂದು ಕೇಳಲಿಲ್ಲ.

ಈಗ್ಗೆ ಆರೇಳು ವರ್ಷದ ಹಿಂದೆ ದವಾಖಾನೆಯ ಈಗಿನ ಮುಖ್ಯಸ್ಥೆ ಸಿಸ್ಟರ್ ಫಿಲೋಮಿನಾ ಚಿಕ್ಕೋಡಿಯ ನಮ್ಮ ಮನೆಗೆ ಬಂದರು. ಮಂಗಳೂರು ಕಡೆಯವರು, ಅವರಿಗೂ ವಯಸ್ಸಾಗಿತ್ತು. ಹೆರಿಗೆ ವಾರ್ಡು ಮುಚ್ಚುತ್ತಿದ್ದಾರಂತೆ, ಅದಕ್ಕೂ ಮೊದಲು ಒಂದು ಸ್ಮರಣ ಸಂಚಿಕೆ ತರಬೇಕಂತೆ, ದವಾಖಾನೆಯ ಚರಿತ್ರೆಯನ್ನು ಕನ್ನಡದಲ್ಲಿ ನಾನೇ ಬರೆದುಕೊಡಬೇಕಂತೆ. ನಿವೃತ್ತನಾದ ಮಾಸ್ತರ ಎಂದರೆ ಊರಿನವರಿಗೆಲ್ಲ ಬಿಟ್ಟಿ ಎತ್ತು. ನನಗೂ ಆಗ ಸಾಕಾಗಿತ್ತು. ಮೊಣಕಾಲು ನೋವು, ನಿದ್ದೆ ಬರುತ್ತಿರಲಿಲ್ಲ, ಪೆನ್ನು ಹಿಡಿಯಲು ಬೇಸರ. ಆದರೂ ಹುಟ್ಟಿದ ಜಾಗ, ಒಲ್ಲೆ ಎನ್ನಲಾಗಲಿಲ್ಲ.

ಬಸ್ಸು ಹತ್ತಿ ಇಳಿದು ನಾಲ್ಕು ಸಲ ಹೋಗಿಬಂದೆ, ಏನೂ ಸಿಗಲಿಲ್ಲ. ಹಳೆಯ ರಿಜಿಸ್ಟರುಗಳನ್ನು ಗೆದ್ದಲು ತಿಂದಿತ್ತು. ಸಿಸ್ಟರ್ ಕೊನೆಗೆ ಒಂದು ದಪ್ಪ ಇಂಗ್ಲಿಷ್ ಪುಸ್ತಕ ಕೊಟ್ಟರು. ಅಮೆರಿಕದ ಯಾವುದೋ ದೊಡ್ಡ ಊರಿನಲ್ಲಿ ಇವರ ಪಂಗಡದ ಮೂಲ ಆಸ್ಪತ್ರೆ ಇದೆ, ಇಲ್ಲಿಗೆ ಮೊದಲು ಬಂದ ಮೂವರು ಸಿಸ್ಟರುಗಳು ಅಲ್ಲಿನವರು. ಪುಸ್ತಕ ಆ ಆಸ್ಪತ್ರೆಯದು. ಹಿಮ ಬಿದ್ದು ದಾರಿ ಮುಚ್ಚಿದ್ದು, ಜ್ವರದ ವರ್ಷ ಸಿಸ್ಟರುಗಳೇ ಸತ್ತದ್ದು, ಕಟ್ಟಡಕ್ಕೆ ಬೆಂಕಿ ಹತ್ತಿದ್ದು, ಎಲ್ಲ ಇತ್ತು. ನಮ್ಮ ದವಾಖಾನೆಗೆ ಸಿಕ್ಕಿದ್ದು ಅರ್ಧ ಪುಟ. ಮೂವರು ಹೋದರು, ನದಿ ದಂಡೆಯಲ್ಲಿ ಹೆರಿಗೆ ಕೋಣೆ ತೆರೆದರು, ಅಷ್ಟೇ.

ಆ ಅರ್ಧ ಪುಟವನ್ನು ಎಷ್ಟು ಹಿಂಜಿದರೂ ಹತ್ತು ಪುಟ ಆಗುವುದಿಲ್ಲ. ಒಂದು ಮಧ್ಯಾಹ್ನ, ದಣಿವಿಗೋ ಜಿಗುಪ್ಸೆಗೋ, ನಾನು ಸುಳ್ಳು ಬರೆದೆ. ವಿದ್ಯಾರ್ಥಿಗಳು ಪ್ರಬಂಧದಲ್ಲಿ ಬೊಗಳೆ ಬಿಟ್ಟರೆ ಕೆಂಪು ಗೆರೆ ಎಳೆಯುತ್ತಿದ್ದವನು ನಾನು. ಮಳೆಗಾಲದಲ್ಲಿ ಮೋಡ ಮುಚ್ಚಿ ಹೊತ್ತು ಕಾಣುವುದಿಲ್ಲ, ಮುಳುಗಿತೋ ಏನೋ ಎಂಬ ಅಂಜಿಕೆಗೆ ಜೈನ ರೋಗಿಗಳು ಉಣ್ಣದೆ ಮಲಗುತ್ತಿದ್ದರು, ಅದನ್ನು ಕಂಡು ಆ ಮೂವರಲ್ಲಿ ಹಿರಿಯರಾದ ದೊಡ್ಡ ಸಿಸ್ಟರ್ ಗಡಿಯಾರ ನೋಡಿ ಹೊತ್ತು ಮುಳುಗುವ ಮುಂಚೆ ಗಂಟೆ ಹೊಡೆಸುತ್ತಿದ್ದರು ಎಂದು ಬರೆದೆ. ಕೈ ಅಲ್ಲಿಗೆ ನಿಲ್ಲಲಿಲ್ಲ. ಹೊಳೆ ತುಂಬಿದ ಒಂದು ದಿನ ಒಬ್ಬ ಜೈನ ಹುಡುಗಿ ಹಡೆದಳು. ಈ ಕಡೆ ಬಾಣಂತಿಗೆ ಬೆಳ್ಳುಳ್ಳಿ ಬೇಕೇ ಬೇಕು ಎಂದು ಊರ ಹೆಂಗಸರಿಂದ ಕಲಿತಿದ್ದ ಸಿಸ್ಟರ್, ಜೈನರು ಅದನ್ನು ಮುಟ್ಟುವುದಿಲ್ಲ ಎಂದು ತಿಳಿಯದೆ ಬೆಳ್ಳುಳ್ಳಿ ಗಂಜಿ ಒಯ್ದಳು. ಹುಡುಗಿ ಮುಖ ತಿರುಗಿಸಿದಳು. ಸಿಸ್ಟರ್ ಅದನ್ನು ಚೆಲ್ಲಿ, ನಿಲುವಂಗಿ ಎತ್ತಿ ಹಿಡಿದು ಅಡುಗೆ ಮನೆಗೆ ಓಡಿ, ಬೆಲ್ಲದ ಗಂಜಿ ಕಾಸಿ ತಂದು ಹೊತ್ತಿರುವಾಗಲೇ ಕುಡಿಸಿದಳು.

ಬರೆದು ಓದಿಕೊಂಡಾಗ ನಾಚಿಕೆಯಾಯಿತು. ಆ ಹುಡುಗಿ ಯಾರೆಂದು ನನಗೆ ಗೊತ್ತಿಲ್ಲದೆ ಇರಲಿಲ್ಲ. ಗಂಟೆಯ ಮಾತು ಉಳಿಸಿಕೊಂಡು ಗಂಜಿಯ ಪ್ಯಾರಾವನ್ನು ಅಡ್ಡಡ್ಡ ಗೀಚಿದೆ. ಮಾಸ್ತರಿಕೆಯ ಚಟ, ಮಾರ್ಜಿನ್ನಿನಲ್ಲಿ ಅಂದಿನ ತಾರೀಖನ್ನೂ ಹಾಕಿದ್ದೆ. ನೋಟುಬುಕ್ಕು ಕೈಚೀಲಕ್ಕೆ ಸೇರಿತು. ಯಾರಿಗೂ ತೋರಿಸಲಿಲ್ಲ.

ನಾಲ್ಕನೆಯ ದಿನ ಸಿಸ್ಟರ್ ಫಿಲೋಮಿನಾ ಫೋನ್ ಮಾಡಿದರು. ಮೊದಲಿನ ಕಾಲದ ಆಯಾ ಒಬ್ಬಳು, ಗಂಗವ್ವ, ಜುಗೂಳದಲ್ಲಿ ಇನ್ನೂ ಇದ್ದಾಳೆ ಎಂದು ಅವರಿಗೆ ಆಗಷ್ಟೇ ತಿಳಿದಿತ್ತು. ಅಂದೇ ಇಬ್ಬರೂ ಹೋದೆವು. ಎಂಬತ್ತು ದಾಟಿದ ಮುದುಕಿ, ಕಣ್ಣು ಮಂಜು, ಮಾತು ಮಾತ್ರ ಗಟ್ಟಿ. ಮೊಮ್ಮಗನ ಹೆಂಡತಿ ಚಹಾ ತಂದಿಟ್ಟಳು. ಹಳೆಯದು ಏನಾದರೂ ನೆನಪಿದ್ದರೆ ಹೇಳು ಎಂದೆ, ಅಷ್ಟೇ. ಗಂಟೆಯ ಹೆಸರು ನಾನು ಎತ್ತಲಿಲ್ಲ, ಇದನ್ನು ಆಣೆ ಮಾಡಿ ಹೇಳುತ್ತೇನೆ.

"ಗಂಟಿ ಹೊಡ್ಯಾಕಿ ನಾನರೀ," ಎಂದು ಶುರು ಮಾಡಿದಳು. "ಮಳಿಗಾಲದಾಗ ಹೊತ್ತ ಎಲ್ಲಿ ಕಾಣ್ತೈತಿ? ದೊಡ್ಡ ಸಿಸ್ಟರ್ ಗಡಿಯಾರ ನೋಡಿ ಕೈ ಮಾಡಾಕಿ, ನಾ ಹೊಡ್ಯಾಕಿ. ಜೈನರ ಮಂದಿ ಉಣ್ಲಿ ಅಂತ."

ಕೈಯೊಳಗಿನ ಚಹಾದ ಬಸಿಯನ್ನು ಕೆಳಗಿಟ್ಟೆ. ಅವಳು ತಾನಾಗಿಯೇ ಮುಂದುವರಿಸಿದಳು.

"ಒಮ್ಮಿ ಹೊಳಿ ಬಂದಾಗ ಒಬ್ಬಾಕಿ ಸಣ್ಣ ಹುಡುಗಿ ಹಡದಿದ್ಲರಿ. ಮನಿ ಮಂದಿ ಯಾರೂ ಇರಲಿಲ್ಲ. ಸಿಸ್ಟರ್ ಗಂಜ್ಯಾಗ ಬಳ್ಳೊಳ್ಳಿ ಹಾಕಿ ಒಯ್ದ್ಲು, ಬಾಣಂತಿಗಿ ಚಲೋ ಅಂತ. ಆಕಿ ಮಾರಿ ತಿರುವಿದ್ಲು. ಅವ್ರು ತಿನ್ನಂಗಿಲ್ರಿ ಅಂದ್ನಿ ನಾ. ಅದನ್ನ ಚೆಲ್ಲಿ, ಅಂಗಿ ಎತ್ತಿ ಹಿಡ್ಕೊಂಡು ಓಡಿದ್ಲು ನೋಡ್ರಿ ಸಿಸ್ಟರ್. ಬೆಲ್ಲದ ಗಂಜಿ ಮಾಡಿ ತಂದು, ತಾನ ಕೂತ ಕುಡಿಸಿದ್ಲು."

ಇದನ್ನು ಮೊದಲು ಯಾರಿಗಾದರೂ ಹೇಳಿದ್ದೆಯಾ ಎಂದು ಕೇಳಿದೆ. ತನ್ನಂಥವರನ್ನು ಯಾರು ಬಂದು ಕೇಳುತ್ತಾರೆ ಎಂದು ನಕ್ಕಳು. ಹೊಳೆಯ ಆಚೆ, ನಮ್ಮ ಕಡೆ, ತಾನು ಕಾಲಿಟ್ಟವಳೇ ಅಲ್ಲ ಎಂದಳು. ಕೊನೆಗೆ, ಆ ಹುಡುಗಿ ಮುಂದೆ ಏನಾದಳು ಎಂದು ಕೇಳಿದೆ.

"ಪೂರಾ ಕುಡದ್ಲರಿ. ಇನ್ನೊಂದೀಟ ಐತೇನು ಅಂದ್ಲು, ಹಾಕಿಸ್ಕೊಂಡು ಕುಡದು ಮಲಗಿದ್ಲು. ಮುಂಜಾನೆ ಹೊತ್ತ ಹೊಂಡೂದ್ರಾಗ ಹೋಗಿಬಿಟ್ಲು. ಗಂಡ ಕೂಸಿತ್ತು. ಉಳೀತೋ ಏನೋ, ಯಾರಿಗ್ಗೊತ್ತ."

"ಉಳದೈತಿ, ಯವ್ವಾ," ಎಂದೆ.

ಹೇಗೆ ಗೊತ್ತು ಎಂದು ಅವಳು ಕೇಳಲಿಲ್ಲ. ಚಲೋ ಆತು ಬಿಡ್ರಿ ಎಂದು ತಲೆಯ ಮೇಲಿನ ಸೆರಗು ಸರಿಮಾಡಿಕೊಂಡಳು. ಸಿಸ್ಟರ್ ಫಿಲೋಮಿನಾ ನನ್ನ ಮುಖ ನೋಡಿದರು.

ಬಸ್ಸಿನಲ್ಲಿ ನೋಟುಬುಕ್ಕು ತೆಗೆದೆ. ಶಿರಗುಪ್ಪಿಯ ಹತ್ತಿರ ಕಬ್ಬಿನ ಟ್ರ್ಯಾಕ್ಟರುಗಳಿಗೆ ಸಿಕ್ಕು ಬಸ್ಸು ತಾಸುಗಟ್ಟಲೆ ನಿಂತಿತ್ತು. ಗೀಚಿದ ಪ್ಯಾರಾ ಗೀಚಿದಂತೆಯೇ ಇತ್ತು, ನಾಲ್ಕು ದಿನದ ಹಿಂದಿನ ತಾರೀಖು ಇತ್ತು. ಬೆಳ್ಳುಳ್ಳಿ ಇತ್ತು, ಬೆಲ್ಲ ಇತ್ತು, ಎತ್ತಿ ಹಿಡಿದ ನಿಲುವಂಗಿಯೂ ಇತ್ತು. ಅವಳು ಇನ್ನೊಂದಿಷ್ಟು ಗಂಜಿ ಕೇಳಿದ್ದು ಮಾತ್ರ ನಾನು ಬರೆದಿರಲಿಲ್ಲ.

ಎಲ್ಲ ರೀತಿಯಿಂದಲೂ ಲೆಕ್ಕ ಹಾಕಿ ನೋಡಿದ್ದೇನೆ. ಸಣ್ಣವನಿದ್ದಾಗ ಕೇಳಿ ಮರೆತಿರಬಹುದು ಎಂದರೆ, ಹೇಳುವವರು ಯಾರಿದ್ದರು? ಆಯಿ ಹೇಳಿದ್ದು ಇದರ ಉಲ್ಟಾ. ಒಂದು ದಿನದ ಕೂಸು ನಾನು ಅಲ್ಲೇ ಮಗ್ಗುಲಲ್ಲಿ ಇದ್ದೆ ನಿಜ, ಆದರೆ ಕೂಸಿಗೆ ಏನು ನೆನಪಿರುತ್ತದೆ? ಗಂಗವ್ವ ಹೇಳಿದ ಹುಡುಗಿ ನನ್ನ ಅವ್ವನೇ ಎಂಬುದಕ್ಕೂ ಕಾಗದದ ಪುರಾವೆ ಇಲ್ಲ. ಸಂಚಿಕೆಯಲ್ಲಿ ಆ ಪ್ಯಾರಾ ಅಚ್ಚಾಯಿತು, ಗಂಗವ್ವ ಹೇಳಿದ್ದು ಎಂದು ಹಾಕಿದೆ. ಮೊದಲು ನಾನೇ ಬರೆದಿದ್ದೆ ಎಂದು ಎಲ್ಲಿಯೂ ಹೇಳಲಿಲ್ಲ. ಹೇಳಿದ್ದರೆ ಯಾರು ನಂಬುತ್ತಿದ್ದರು? ನಾನೇ ನಂಬುತ್ತಿರಲಿಲ್ಲ. ಈಗ ವಿಚಾರ ಮಾಡಿ ಮಾಡಿ ದಣಿದಿದ್ದೇನೆ.

ಆ ದಿನ ಮನೆ ಮುಟ್ಟಿದಾಗ ಕತ್ತಲಾಗಿತ್ತು. ತಾಟು ಮುಚ್ಚಿಟ್ಟಿತ್ತು. ಹಸಿವಿಲ್ಲ ಎಂದು ಮಲಗಿದೆ. ಮರುದಿನ ಸಂಜೆ, ಬಿಸಿಲು ಇನ್ನೂ ಅಂಗಳದಲ್ಲಿರುವಾಗ, ಅಡುಗೆ ಮನೆಗೆ ಹೋಗಿ ಹೆಂಡತಿಯ ಪಕ್ಕ ಕೂತೆ. ಅವಳು ಇನ್ನೊಂದು ತಾಟು ಇಟ್ಟಳು.