ಸಂಶೋಧನೆಯಿಂದ ಸಿಕ್ಕಿದ ಅತ್ತಿಗೆ

ನಮ್ಮ ಕುಟುಂಬದಲ್ಲಿ ಬಿ.ಎ. ಮಾಡಿದ ಮೊದಲಿಗ ನಾನು. ನನ್ನನ್ನು ಓದಿಸಲು ಅಮ್ಮ ಜೆಪ್ಪುವಿನ ಹಂಚಿನ ಕಾರ್ಖಾನೆಯಲ್ಲಿ ಬುಟ್ಟಿಯಲ್ಲಿ ಮಣ್ಣು ಹೊತ್ತಿದ್ದಾಳೆ. ಈ ಮಾತನ್ನು ಹತ್ತನೆಯ ಸಾಲಿನಲ್ಲಿ ನಾಚಿಕೊಂಡು ಹೇಳಿದರೆ ಆ ಬುಟ್ಟಿಗೆ ಅವಮಾನ.

ನಾನು ಪದವಿ ಹಿಡಿದು ಕೆಲಸಕ್ಕೆ ಅಲೆಯುತ್ತಿದ್ದಾಗ ಮನೆಯಲ್ಲೊಂದು ತೊಡಕಿತ್ತು. ತಂಗಿಗೆ ತೊಕ್ಕೊಟ್ಟಿನಿಂದ ಒಳ್ಳೆಯ ಸಂಬಂಧ ಬಂದಿತ್ತು. ಆದರೆ ಗಂಡಿನ ಕಡೆಯವರ ಜೋಯಿಸರು ಕವಡೆ ಹಾಕಿ, ನನಗಿಂತ ಮೊದಲು ಹುಟ್ಟಿ ಒಂದೂವರೆ ವರ್ಷಕ್ಕೇ ತೀರಿಕೊಂಡಿದ್ದ ಅಣ್ಣನಿಗೆ ಮದುವೆಯಾಗದೆ ಈ ಮದುವೆ ಆಗದು ಎಂದಿದ್ದರು. ಸತ್ತವರ ಪ್ರೇತಕ್ಕೆ ನಮ್ಮಲ್ಲಿ ಕುಲೆ ಎನ್ನುತ್ತಾರೆ. ಮದುವೆಯಾಗದೆ ಸತ್ತವರಿಗೆ, ಹಾಗೆಯೇ ಸತ್ತವರನ್ನು ಹುಡುಕಿ ಮದುವೆ ಮಾಡಿಸುವ ಕ್ರಮ ಉಂಟು. ಹೆಣ್ಣು ಸಿಗುವುದು ಸುಲಭವಲ್ಲ. ನಮ್ಮ ಜನವೇ ಆಗಬೇಕು, ತಾಯಿಯ ಕಡೆಯ ವಂಶ, ಅಂದರೆ ಬರಿ, ಬೇರೆಯಾಗಬೇಕು. ಅಮ್ಮ ಊರೆಲ್ಲ ಕೇಳಿ ಸೋತಿದ್ದಳು.

ಅದೇ ಹೊತ್ತಿಗೆ ಬೆಂಗಳೂರಿನಿಂದ ಒಬ್ಬ ನಿರ್ದೇಶಕರು ಕ್ಯಾಮರಾ ಸಮೇತ ಬಂದಿಳಿದರು. ದೆವ್ವವಿದೆ ಎಂದು ಹೆಸರಾದ ಜಾಗಗಳ ಚರಿತ್ರೆ ಕೆದಕಿ, ಜನರ ಮೂಢನಂಬಿಕೆ ತೊಲಗಿಸುವ ಸಾಕ್ಷ್ಯಚಿತ್ರವಂತೆ. ಬಲ್ಮಠದ ಒಂದು ಪಾಳು ಬಂಗಲೆ ಆರಿಸಿದ್ದರು. ಅಲ್ಲಿದ್ದ ಬಿಳಿಯ ದೊರೆಯ ಹೆಂಡತಿ ನೇಣು ಹಾಕಿಕೊಂಡಳು, ಈಗಲೂ ಜಗಲಿಯಲ್ಲಿ ಓಡಾಡುತ್ತಾಳೆ ಎಂದು ಪ್ರತೀತಿ. ಚರಿತ್ರೆ ಹುಡುಕುವ ಕೆಲಸ ನನಗೆ ಸಿಕ್ಕಿತು.

ಶ್ರದ್ಧೆಯಿಂದ ಹುಡುಕಿದೆ. ಇಗರ್ಜಿಯ ಸಮಾಧಿಕಲ್ಲುಗಳನ್ನು ಓದಿದೆ, ನೆರೆಕರೆಯ ಮುದುಕರ ಜೊತೆ ಕುಳಿತು ಎಲೆಯಡಿಕೆ ಜಗಿದೆ. ತಿಳಿದದ್ದಿಷ್ಟು: ದೊರೆಸಾನಿ ಇಲ್ಲಿ ಸತ್ತೇ ಇರಲಿಲ್ಲ, ಸೆಕೆ ತಾಳಲಾರದೆ ಹಡಗು ಹತ್ತಿದ್ದಳು. ಬಂಗಲೆಗೆ ಸಂಬಂಧಪಟ್ಟ ಒಂದೇ ಅಕಾಲದ ಸಾವು ತೋಟದ ಕೆಲಸದವನ ಚಿಕ್ಕ ಮಗಳದ್ದು. ಅದೂ ಬಂಗಲೆಯಲ್ಲಲ್ಲ, ಆಸ್ಪತ್ರೆಯಲ್ಲಿ, ಜ್ವರ ಬಂದು. ಅವಳ ಅಣ್ಣ ಕಂಕನಾಡಿಯಲ್ಲಿ ಸೈಕಲ್ ಅಂಗಡಿ ಇಟ್ಟಿದ್ದ. ನಮ್ಮ ಜನವೇ.

ನಿರ್ದೇಶಕರ ಮುಖ ಬಾಡಿತು. "ಏನ್ರೀ ಇದು! ತೋಟದವನ ಮಗಳನ್ನ ಇಟ್ಕೊಂಡು ನಾನೇನ್ ಮಾಡ್ಲಿ? ಬಿಳೀ ಗೌನು ಹೊಲಿಸಿಟ್ಟಿದೀನಿ."

"ಮೂಢನಂಬಿಕೆ ತೆಗೀಲಿಕ್ಕೆ ಗೌನು ಎಂತಕ್ಕೆ ಸಾರ್?"

"ಮೊದ್ಲು ಜನ ಹೆದರ್ಬೇಕು ಕಣ್ರೀ. ಆಮೇಲೆ ತಾನೆ ತೆಗೆಯೋದು?"

ಸಂಜೆ ಮನೆಗೆ ಬಂದು ನನ್ನ ಶೋಧವನ್ನು ಹೆಮ್ಮೆಯಿಂದ ವಿವರಿಸಿದೆ. ಅಮ್ಮ ಕೇಳಿದ್ದು ಒಂದೇ: "ಅವರದ್ದು ಯಾವ ಬರಿ?" (ಮನೆಯ ಮಾತು ತುಳು. ಕನ್ನಡದಲ್ಲಿ ಬರೆಯುವಾಗ ಖಾರ ಸ್ವಲ್ಪ ಕಡಿಮೆಯಾಗಿದೆ.)

ಅದನ್ನೂ ವಿಚಾರಿಸಿಕೊಂಡೇ ಬಂದಿದ್ದೆ. ಹೇಳಿದೆ.

"ನಮ್ಮದಲ್ಲ. ಒಳ್ಳೆದಾಯ್ತು. ಹುಡುಗಿ ನಮ್ಮವನಿಗಿಂತ ದೊಡ್ಡವಳಾ?"

"ಸಣ್ಣವಳು, ಅಣ್ಣನ ನಂತರ ಹುಟ್ಟಿದ್ದು. ಅಮ್ಮಾ, ಅಲ್ಲಿ ಕುಲೆಯೇ ಇಲ್ಲ ಅಂತ ತೋರಿಸ್ಲಿಕ್ಕೆ ನಾನು ಇಷ್ಟು ತಿರುಗಿದ್ದು."

"ಇಲ್ಲದಿದ್ರೆ ಜಗಲಿಯಲ್ಲಿ ಓಡಾಡುವುದು ಯಾರು? ದೊರೆಸಾನಿ ಅಲ್ಲ ಅಂತ ನೀನೇ ಹೇಳಿದ್ದಲ್ವಾ?"

ತರ್ಕಶಾಸ್ತ್ರದಲ್ಲಿ ನನಗೆ ಒಳ್ಳೆಯ ಅಂಕ ಬಂದಿತ್ತು. ಅಮ್ಮ ಪರೀಕ್ಷೆ ಬರೆದಿದ್ದರೆ ಅವಳಿಗೆ ಇನ್ನೂ ಹೆಚ್ಚು ಬರುತ್ತಿತ್ತು.

ಒಳಗಿನಿಂದ ತಂಗಿ, "ಹೋಗಿ ಕೇಳಣ್ಣ ಮಾರಾಯ, ನಿನ್ನ ಬಿ.ಎ. ಒಮ್ಮೆಯಾದ್ರೂ ಮನೆಯವರಿಗೆ ಉಪಯೋಗ ಆಗ್ಲಿ" ಎಂದಳು. ನಗುತ್ತಲೇ ಅಂದಳು. ಆದರೆ ಕೈಯಲ್ಲಿ ಸೌಟು ಹಿಡಿದು, ನಾನು ಹೂಂ ಎನ್ನುವವರೆಗೂ ಬಾಗಿಲಲ್ಲೇ ನಿಂತಿದ್ದಳು.

ಇತಿಹಾಸಕಾರನಾಗಿ ಹೋಗಿದ್ದ ಸೈಕಲ್ ಅಂಗಡಿಗೆ ಮರುವಾರ ಗಂಡಿನ ಕಡೆಯವನಾಗಿ, ಅಮ್ಮನ ಜೊತೆ, ವೀಳ್ಯದೆಲೆ ಹಿಡಿದು ಹೋದೆ. ಅಂಗಡಿಯವನು ನಕ್ಕ. "ಮೊನ್ನೆ ನೀವು ಬರಿ ಎಲ್ಲ ಕೇಳುವಾಗಲೇ ನನಗೆ ಡೌಟಿತ್ತು." ಆಮೇಲೆ ಹೆಣ್ಣಿನ ಕಡೆಯವರ ಗತ್ತಿನಲ್ಲಿ, "ಹುಡುಗ ಎಂತ ಮಾಡಿಕೊಂಡಿದ್ದ?" ಎಂದ.

"ಒಂದೂವರೆ ವರ್ಷಕ್ಕೆ ಎಂತ ಮಾಡ್ತಾನೆ? ಅವನ ತಮ್ಮ ಬಿ.ಎ." ಎಂದಳು ಅಮ್ಮ.

"ಹಾಗಾದ್ರೆ ಅಡ್ಡಿಯಿಲ್ಲ."

ನನ್ನ ಪದವಿ ಮೊದಲ ಬಾರಿಗೆ ಚಲಾವಣೆಯಾದದ್ದು ಹೀಗೆ.

ಮಳೆಗಾಲದ ಆಟಿ ತಿಂಗಳಲ್ಲಿ ಬದುಕಿದವರ ಮದುವೆ ನಡೆಯುವುದಿಲ್ಲ, ಸತ್ತವರದ್ದು ನಡೆಯುತ್ತದೆ. ಎರಡು ಮಣೆ, ಒಂದರ ಮೇಲೆ ಸೀರೆ ಬಳೆ, ಇನ್ನೊಂದರ ಮೇಲೆ ಪಂಚೆ. ಸುದ್ದಿ ತಿಳಿದು ನಿರ್ದೇಶಕರು ಕ್ಯಾಮರಾ ಹೊತ್ತು ಮಳೆಯಲ್ಲೇ ಓಡಿಬಂದರು. ಸೈಕಲ್ ಅಂಗಡಿಯವನು ಬಾಗಿಲಲ್ಲೇ ತಡೆದ.

"ನಮ್ಮ ಹುಡುಗಿಯ ಫಿಲ್ಮ್ ತೆಗೆದು ಊರೂರಲ್ಲಿ ತೋರಿಸುದಾ? ನಿಮಗೆ ಅಕ್ಕ ತಂಗಿ ಇಲ್ವಾ?"

"ಅಲ್ರೀ, ಅವರು ಕಾಣ್ಸೋದೇ ಇಲ್ವಲ್ಲ!"

"ಕಾಣದಿದ್ರೆ ಮತ್ತೆ ಕ್ಯಾಮರಾ ಎಂತಕ್ಕೆ?"

ನಿರ್ದೇಶಕರು ಬಂಗಲೆಗೆ ಹಿಂದಿರುಗಿದರು. ಅಲ್ಲಿ ಇನ್ನೂ ಕಷ್ಟ. ಕ್ಯಾಮರಾದ ಮುಂದೆ ದೆವ್ವದ ಬಗ್ಗೆ ಹೇಳಲು ನೆರೆಕರೆಯಲ್ಲಿ ಒಬ್ಬನೂ ಸಿಗಲಿಲ್ಲ. "ಈಗ ಇಲ್ಲಿ ಯಾರೂ ಇಲ್ಲ ಸಾರ್, ಮದುವೆಯಾಗಿ ಜೆಪ್ಪುವಿಗೆ ಹೋದಳು" ಎಂದು ಎಲ್ಲರೂ ನಮ್ಮ ಮನೆಯ ದಾರಿ ತೋರಿಸಿದರು. ಗೌನು ಪೆಟ್ಟಿಗೆಯಲ್ಲೇ ಬೆಂಗಳೂರಿಗೆ ಮರಳಿತು. ನನ್ನ ಕೆಲಸವೂ ಅದರ ಜೊತೆಗೆ ಹೋಯಿತು.

ಮಳೆ ನಿಂತ ಮೇಲೆ ತಂಗಿ ಮದುವೆಯಾಗಿ ಹೊಳೆಯಾಚೆಯ ತೊಕ್ಕೊಟ್ಟಿಗೆ ಹೋದಳು. ಮುಂದಿನ ಆಟಿ ಅಮಾವಾಸ್ಯೆಗೆ ಗಂಡನ ಜೊತೆ ಬಂದಿದ್ದಳು. ಹಿರಿಯರಿಗೆ ಎಲೆ ಹಾಕುವಾಗ ಅಣ್ಣನ ಪಕ್ಕದಲ್ಲಿ ಅತ್ತಿಗೆಗೂ ಒಂದು ಎಲೆ. ನಾನು ಬಡಿಸಲಾರೆ, ಇದೆಲ್ಲ ಸುಳ್ಳು ಎಂದೆ.

"ನೀನೇ ಹುಡುಕಿ ತಂದದ್ದು, ಬಡಿಸು" ಎಂದಳು ಅಮ್ಮ.

ತಂಗಿ ಗಂಡನ ಮುಂದೆ ತಲೆತಗ್ಗಿಸಿ ನಿಂತಿದ್ದಳು. ಕೋಳಿ ಸಾರಿನ ಪಾತ್ರೆ ಎತ್ತಿಕೊಂಡೆ. ಅಣ್ಣನಿಗೆ ಬಡಿಸಿ ಪಕ್ಕದ ಎಲೆಗೆ ಬಾಗಿದಾಗ ಅಮ್ಮ ಕೈ ಹಿಡಿದಳು.

"ಅವಳಿಗೆ ಸಾರು ಬೇಡ. ಜ್ವರದಲ್ಲಿ ಹೋದವಳು ಅಂತ ನೀನೇ ಹೇಳಿದ್ದಲ್ವಾ? ಗಂಜಿ ಬಡಿಸು."

ಬಡಿಸಿದೆ. ನನ್ನ ಸಂಶೋಧನೆಯನ್ನು ಅಷ್ಟು ನಂಬಿದವರು ಆಮೇಲೆ ಯಾರೂ ಸಿಕ್ಕಿಲ್ಲ.