ಕತ್ತರಿಸಿದ ಅಂಚು

ಕಾನ್ವೆಂಟಿನಲ್ಲಿ ಸಿಸ್ಟರ್ ಒಬ್ಬರು ಪುಸ್ತಕದ ಅಂಚಿನಲ್ಲಿ ಗೀಚಿದವರನ್ನು ಬೆಂಚಿನ ಮೇಲೆ ನಿಲ್ಲಿಸುತ್ತಿದ್ದರು. ಮದುವೆಯಾಗಿ ಕೊಳ್ಳೇಗಾಲಕ್ಕೆ ಬಂದ ಮೇಲೂ ಆ ಅಂಜಿಕೆ ನನ್ನನ್ನು ಬಿಡಲಿಲ್ಲ.

ಗಂಡನ ಮನೆಯ ಅಟ್ಟದಲ್ಲಿ ಒಂದು ಟ್ರಂಕಿನ ತುಂಬ ಹಳೆಯ ಅಚ್ಚಿನ ಪಂಚಾಂಗಗಳಿದ್ದವು. ವರ್ಷ ಮುಗಿದವನ್ನೂ ಏಕೆ ಇಟ್ಟುಕೊಂಡರೋ, ನಾನು ಕೇಳಲಿಲ್ಲ. ಹೇಳಬಹುದಾಗಿದ್ದ ಮಾವನವರು ನನ್ನ ಮದುವೆಗೆ ಮೊದಲೇ ತೀರಿಕೊಂಡಿದ್ದರು. ಹಾಳೆಗಳು ಹಪ್ಪಳದಂತೆ ಮುರಿಯುತ್ತಿದ್ದವು. ಹಳೆಯ ಮುದ್ರಣ ಉಳಿಯಲಿ ಎಂದು ನಾನೇ ಯಳಂದೂರಿನ ಬೈಂಡರ್ ಬಳಿ ಒಯ್ದೆ.

"ಅಂಚೆಲ್ಲಾ ಚಿಂದಿಯಾಗ್ಬುಟ್ಟದೆ ಕಣಕ್ಕ. ಏನೇನೋ ಗೀಚವ್ರೆ ಬೇರೆ. ಕತ್ತರಿಸ್ಬುಡ್ಲಾ, ಇಲ್ಲ ಅಂಗೇ ಒಲಿಯದಾ?"

"ನೀಟಾಗಿ ಕತ್ತರಿಸಿಬಿಡಿ," ಎಂದೆ.

ಕೆಂಪು ರಟ್ಟು ಹಾಕಿಸಿ ತಂದಾಗ, ಓದು ಬಾರದ ಅತ್ತೆ ಅವುಗಳ ಮೇಲೆ ಕೈಯಾಡಿಸಿ, "ಮದ್ವೆ ಎಣ್ಣಿನಂಗೆ ಮಾಡ್ಸಿದ್ದೀಯಲ್ಲವ್ವ!" ಎಂದು ನಕ್ಕರು.

ಕಳೆದ ವರ್ಷ ದಕ್ಷಿಣ ಆಫ್ರಿಕಾದಿಂದ ಹೆಂಗಸೊಬ್ಬಳು ಬಂದಳು. ಅವಳ ಮುತ್ತಜ್ಜಿ ಗಂಡನ ಜೊತೆ ಹಡಗು ಹತ್ತಿ ಅಲ್ಲಿನ ಕಬ್ಬಿನ ತೋಟಕ್ಕೆ ಕೂಲಿಗೆ ಹೋದವಳಂತೆ. ಹಡಗಿನ ಕಾಗದದಲ್ಲಿ ಗಂಡನ ಹೆಸರಿತ್ತು, ಅವನ ಊರು ಮುಳ್ಳೂರು ಎಂದಿತ್ತು. ಮುತ್ತಜ್ಜಿ ಬರೀ 'ಹೆಂಡತಿ'. ಆ ಮನೆಗೆ ಹೆಣ್ಣು ಬಂದದ್ದು ನಮ್ಮ ಮನೆಯಿಂದಲೇ ಎಂದು ಮುಳ್ಳೂರಿನ ಹಿರಿಯರು ಹೇಳಿ ಕಳುಹಿಸಿದ್ದರು. ಹೆಸರೊಂದು ಸಿಕ್ಕರೆ ಸಾಕು ಎಂದು ಅವಳು ಇಂಗ್ಲಿಷಿನಲ್ಲಿ ಹೇಳಿದ್ದನ್ನು ನಾನು ಅತ್ತೆಗೆ ತಿಳಿಸಿದೆ.

ಅತ್ತೆಯ ಮುಖ ಅರಳಿತು. "ಅಯ್ಯೋ, ಅದ್ಕೇನಂತೆ! ಈ ಮನೇಲಿ ಕೂಸು ಉಟ್ಟುದ್ರೆ, ಪಂಚಾಂಗದಲ್ಲಿ ಆ ದಿನದ ಸಾಲಿನ ಪಕ್ಕದಲ್ಲೇ ಎಸ್ರು ಬರೆಯೋರು. ಎಣ್ಮಕ್ಕಳ್ದೂವೆ. ತಕ್ಕಂಡ್ ಬಾ ಓಗವ್ವ."

ಪಂಚಾಂಗಗಳನ್ನು ತಂದು ಅವಳ ಮುಂದಿಟ್ಟು, ಅತ್ತೆ ಹೇಳಿದ್ದನ್ನು ಇಂಗ್ಲಿಷಿನಲ್ಲಿ ತಿಳಿಸಿದೆ. ತಿಥಿ, ವಾರ, ನಕ್ಷತ್ರ ಎಲ್ಲ ಇದ್ದವು. ಅಂಚಿನಲ್ಲಿ ಮಾತ್ರ ಅಲ್ಲೊಂದು ಇಲ್ಲೊಂದು ಶಾಯಿಯ ಬಾಲ. ಅವಳ ಬೆರಳು ಒಂದೊಂದು ಪುಟದಲ್ಲೂ ಮೇಲಿನಿಂದ ಕೆಳಗೆ ಇಳಿಯುತ್ತಿತ್ತು. ಉಗುರನ್ನು ತೀರಾ ಮೋಟಾಗಿ ಕತ್ತರಿಸಿಕೊಂಡಿದ್ದಳು.

ಕೊನೆಗೆ ತಲೆಯೆತ್ತಿ ನನ್ನನ್ನು ನೋಡಿದಳು. "ಅಂಚನ್ನೆಲ್ಲ ಗೆದ್ದಲು ತಿಂದಿದ್ದವು," ಎಂದೆ, ಇಂಗ್ಲಿಷಿನಲ್ಲಿ.

"ಸಿಕ್ತಾ?" ಎಂದರು ಅತ್ತೆ.

"ಆ ವರ್ಷದ್ದು ಇಲ್ಲ ಅತ್ತೆ," ಎಂದೆ, ಕನ್ನಡದಲ್ಲಿ.

ಅವಳು ನನ್ನ ಎರಡೂ ಕೈ ಹಿಡಿದು, ಉಳಿದದ್ದನ್ನಾದರೂ ಇಷ್ಟು ಚೆನ್ನಾಗಿ ಕಾಪಾಡಿದ್ದೀರಲ್ಲ ಎಂದು ಕಣ್ಣು ಒರೆಸಿಕೊಂಡಳು. "ಮನೆಮಗ್ಳು ಬರಿ ಮಡ್ಲಲ್ಲಿ ಓಗ್ಬಾರ್ದು," ಎಂದು ಅತ್ತೆ ಅಕ್ಕಿ, ತೆಂಗಿನಕಾಯಿ, ರವಿಕೆ ಕಣ ಇಟ್ಟು ಮಡಿಲು ತುಂಬಿದರು. ಅವಳು ಪ್ಯಾಂಟು ಹಾಕಿದ್ದರಿಂದ ನನ್ನದೇ ಒಂದು ದುಪಟ್ಟಾ ಹಾಸಿಕೊಟ್ಟೆ. ಅದರ ಒಂದು ಚುಂಗನ್ನು ನಾನೇ ಹಿಡಿದುಕೊಂಡು ನಿಂತೆ.

ಮೊನ್ನೆ ಅವಳಿಗೆ ಮೊಮ್ಮಗಳು ಹುಟ್ಟಿದ್ದಾಳೆ. ನಿಮ್ಮ ಪಂಚಾಂಗದಲ್ಲಿ ಬರೆಯುವಿರಾ ಎಂದು ಮೆಸೇಜು ಕಳಿಸಿದ್ದಾಳೆ. ಈ ವರ್ಷದ ಪಂಚಾಂಗ ತೆರೆದಿಟ್ಟುಕೊಂಡಿದ್ದೇನೆ. ಕೂಸು ಹುಟ್ಟಿದ ದಿನದ ಸಾಲೂ ಸಿಕ್ಕಿದೆ. ಆದರೆ ಅವಳಿಗೆ ಗೆದ್ದಲಿನ ನಿಜ ಹೇಳದೆ ಆ ಹೆಸರು ಬರೆಯಲು ಕೈ ಬರುತ್ತಿಲ್ಲ. ಫೋನು ಕೈಗೆತ್ತಿಕೊಳ್ಳುತ್ತೇನೆ, ಇಡುತ್ತೇನೆ.

"ಬರೆದ್ಯಾ?" ಎಂದು ಅತ್ತೆ ದಿನವೂ ಕೇಳುತ್ತಾರೆ.