ಬಂಗುಡೆ, ಅಂಜಲ್ ಮತ್ತೆ ಪೋಲೆಂಡಿನ ಗ್ಲಾಸು

ನಂಗೆ ಗ್ಲಾಸಿನ ಹುಚ್ಚು ಹಿಡಿದದ್ದು ದೋಹಾಕ್ಕೆ ಬಂದ ಮೇಲೆ. ಊರಲ್ಲಿ ಓದಿದ್ದು ಬಿ.ಕಾಂ., ಅದೂ ಹೇಗೋ ಪಾಸು. ಇಲ್ಲಿ ಇಂಡಸ್ಟ್ರಿಯಲ್ ಏರಿಯಾದ ಒಂದು ಗ್ಲಾಸ್ ಕಂಪನಿಯ ಸ್ಟೋರಲ್ಲಿ ಕೆಲಸ. ಕಂಟೈನರ್ ಬಂದ್ರೆ ಯಾವ ದಪ್ಪದ್ದು ಬಂತು, ಎಷ್ಟು ಒಡೆದಿದೆ ಅಂತ ಕಂಪ್ಯೂಟರಿಗೆ ಹಾಕುದು. ಬೋರ್ ಅಂತ ಎಲ್ಲ ಹೇಳ್ತಾರೆ. ನಂಗೆ ಮಾತ್ರ ಮರದ ಪೆಟ್ಟಿಗೆ ಮೇಲೆ ಪೋಲೆಂಡ್ ಅಂತ ಬರೆದದ್ದು ನೋಡಿದ್ರೆ ಏನೋ ಒಂದು ಖುಷಿ. ಅಷ್ಟು ದೂರದಿಂದ ಹಡಗಲ್ಲಿ ಬಂದು ಒಂದು ಗೀರೂ ಇಲ್ದೆ ಇಳೀತದಲ್ಲ!

ಹಾಗೆ ಶುರುವಾದದ್ದು. ಪ್ರೊಸೆಸ್ಡ್ ಗ್ಲಾಸ್ ಅಂದ್ರೆ ಬೇರೆ ಎಂತದೂ ಅಲ್ಲ, ಬರೀ ಗಾಜಿನ ಹಾಳೆಗೆ ಮತ್ತೆ ಏನಾದ್ರೂ ಕೆಲಸ ಮಾಡಿದ್ದು. ಕಾಯಿಸಿ ಗಟ್ಟಿ ಮಾಡಿದ್ದು, ಎರಡು ಹಾಳೆ ಸೇರಿಸಿ ಅಂಟಿಸಿದ್ದು, ತೂತು ಕೊರೆದದ್ದು, ಹೀಗೆ. ಪೋಲೆಂಡಿನವರು ಅದನ್ನು ಎಷ್ಟು ಟನ್ ಹೊರಗೆ ಮಾರಿದ್ರು, ಎಷ್ಟಕ್ಕೆ ಮಾರಿದ್ರು ಅಂತ ಇಂಟರ್ನೆಟ್ಟಲ್ಲಿ ಪುಕ್ಕಟೆ ಸಿಗ್ತದೆ. ವಿಡಿಯೋ ನೋಡಿ ನೋಡಿ ಗ್ರಾಫ್ ಮಾಡ್ಲಿಕ್ಕೆ ಕಲ್ತೆ. ಯಾರೂ ಹೇಳಿಕೊಟ್ಟದ್ದಲ್ಲ, ಸ್ವಂತ!

ದೋಹಾದ ಮುಐದರ್ ಏರಿಯಾದ ರೂಮಲ್ಲಿ ನಾವು ನಾಲ್ಕು ಜನ, ಎಲ್ಲ ಉಡುಪಿ, ಮಂಗ್ಳೂರು ಕಡೆಯವ್ರೇ. ಅದರಲ್ಲಿ ಹಿರಿಯರು ಒಬ್ಬರು ಎ.ಸಿ. ರಿಪೇರಿ ಮಾಡ್ತಾರೆ, ಅಣ್ಣ ಅಂತ್ಲೇ ನಾವೆಲ್ಲ ಕರೆಯುದು. ನಾನು ಲ್ಯಾಪ್‌ಟಾಪ್ ತೆಗೆದ್ರೆ ಸಾಕು, "ಜ್ಯೋತಿಷಿ ಕೂತ್ರು! ಪೋಲೆಂಡಿಗೆ ಶನಿ ಬಿಡುದು ಯಾವಾಗ ಅಂತ ಕೇಳಿ ಮಾರಾಯ್ರೆ" ಅಂತ ಅವ್ರ ತಮಾಷೆ.

ಹೋದ ವರ್ಷ ಬೇಸಿಗೆಗೆ ಸ್ವಲ್ಪ ಮೊದ್ಲು ದುಬೈಯಿಂದ ಪೋಲೆಂಡಿನ ಗ್ಲಾಸ್ ಮಾರುವ ಒಬ್ಬ ಏಜೆಂಟ್ ಬಂದ. ದೋಹಾ ಪೇಟೆ ನಡುವಿನ ಮುಶೈರಿಬ್‌ನಲ್ಲಿ ಒಂದು ಶೋರೂಮಿಗೆ ಎರಡು ಹಾಳೆ ಅಂಟಿಸಿದ ಗ್ಲಾಸ್ ನಾವು ಕೊಡ್ಲಿಕ್ಕಿತ್ತು. ಏಜೆಂಟ್ ನಮ್ಮ ಪರ್ಚೇಸ್ ಮ್ಯಾನೇಜರ್ ಎದುರು ಒಂದು ಗ್ರಾಫ್ ಇಟ್ಟ. ಪೋಲೆಂಡಿನ ಪ್ರೊಸೆಸ್ಡ್ ಗ್ಲಾಸಿಗೆ ಟನ್ನಿಗೆ ಎಷ್ಟು ಅಂತ. ಗೆರೆ ಮೇಲೆ ಮೇಲೆ ಹೋಗ್ತಾ ಉಂಟು. "ಶೋರೂಮಿಗೆ ಮಾತ್ರ ಯಾಕೆ ಸಾರ್, ಇಡೀ ವರ್ಷದ್ದು ಈಗ್ಲೇ ತಗೊಳ್ಳಿ. ಯಲ್ಲಾ, ತಡ ಮಾಡ್ಬೇಡಿ, ಭಾನುವಾರ ಕನ್ಫರ್ಮ್ ಮಾಡಿ" ಅಂತ ಹಿಂದಿಯಲ್ಲಿ ಹೇಳಿ ಹೋದ.

ಸ್ಟಾಕ್ ಎಷ್ಟು ಹಿಡೀತದೆ ಅಂತ ಹೇಳ್ಲಿಕ್ಕೆ ನನ್ನನ್ನೂ ಕರೆದಿದ್ರು. ನಿಜ ಹೇಳ್ತೇನೆ, ಒಳಗೊಳಗೆ ಹಾರ್ತಿದ್ದೆ. ನನ್ನ ಲ್ಯಾಪ್‌ಟಾಪಲ್ಲಿ ಇದ್ದದ್ದೂ ಅದೇ ಗೆರೆ! ಅಷ್ಟು ದೊಡ್ಡ ಏಜೆಂಟೂ ನಾನೂ ಒಂದೇ ಲೆಕ್ಕ.

ಆದ್ರೆ ಒಂದು ಹೆದರಿಕೆಯೂ ಉಂಟು. ಇಲ್ಲಿಯ ಆಗಸ್ಟ್ ತಿಂಗಳ ಸೆಕೆ, ತೇವ ಗ್ಲಾಸಿಗೆ ಆಗಿ ಬರುದಿಲ್ಲ. ಪೆಟ್ಟಿಗೆಯಲ್ಲಿ ತುಂಬ ಸಮಯ ಕೂತ್ರೆ ಹಾಳೆಗಳ ನಡುವೆ ಬಿಳಿ ಕಲೆ ಹಿಡೀತದೆ, ಮತ್ತೆ ಉಜ್ಜಿದ್ರೂ ಹೋಗುದಿಲ್ಲ, ಖಲಾಸ್. ಅಷ್ಟು ಮಾಲು ತರಿಸಿ ಹಾಳಾದ್ರೆ ಮಾಲೀಕರಿಗೆ ಉತ್ತರ ಕೊಡ್ಬೇಕಾದದ್ದು ಮ್ಯಾನೇಜರ್ ಸಾರ್. ತರಿಸದೆ ರೇಟ್ ಏರಿದ್ರೂ ಅವ್ರೇ. ಮೈಸೂರಿನ ಶಾಂತ ಮನುಷ್ಯ, ಆ ವಾರ ಪೂರ್ತಿ ಏಜೆಂಟಿನ ಗ್ರಾಫ್ ಹಿಡ್ಕೊಂಡೇ ತಿರುಗಿದ್ರು.

ಶುಕ್ರವಾರ ಮಧ್ಯಾಹ್ನ ರೂಮಲ್ಲಿ ಊಟಕ್ಕೆ ಕೂತಿದ್ದೆವು. ನಮ್ಮ ನಾಲ್ವರಲ್ಲಿ ಸಾಮಾನು ತರುವ ಹುಡುಗ ಗೊಣಗ್ಲಿಕ್ಕೆ ಶುರು ಮಾಡಿದ, "ಮೀನು ಕಿಲೋಗೆ ಭಾರೀ ಏರಿದೆ. ಇನ್ನು ವಾರಕ್ಕೊಮ್ಮೆ ಮಾತ್ರ."

ಅಣ್ಣ ಬಿಡ್ಲಿಲ್ಲ. "ಎಲ್ಲಿ ಏರಿದ್ದು ಮಾರಾಯ? ಬಂಗುಡೆಗೆ ಹಳೇ ರೇಟೇ. ಅಂಜಲಿಗೂ ಹಳೇ ರೇಟೇ. ಮೊದ್ಲು ನಾವು ತಿಂತಾ ಇದ್ದದ್ದು ಬಂಗುಡೆ. ಈಗ ನಿಂಗೆ ದಿನಾ ಆ ದುಬಾರಿ ಅಂಜಲ್ ಫ್ರೈ ಆಗ್ಬೇಕು. ಎಲ್ಲ ಒಟ್ಟಿಗೆ ಹಾಕಿ ಕಿಲೋ ಲೆಕ್ಕ ಮಾಡಿದ್ರೆ ಏರದೆ ಇರ್ತದಾ?"

ನಾನು ಕೈಯೂ ತೊಳೀದೆ ಲ್ಯಾಪ್‌ಟಾಪ್ ಹತ್ರ ಓಡಿದೆ.

"ಏ, ಮಸಾಲೆ ತಾಗಿಸ್ಬೇಡ! ಎಂತ ಆಯ್ತು ಇವ್ನಿಗೆ?" ಅಣ್ಣ ಕೂಗಿದ್ರು.

ಎಂತ ಆದದ್ದು ಅಂದ್ರೆ, ನನ್ನ ಗೆರೆಯೂ ಹಾಗೇ ಅಲ್ವಾ! ಎಲ್ಲ ತರದ ಗ್ಲಾಸ್ ಒಟ್ಟಿಗೆ ಹಾಕಿ ಟನ್ನಿನ ಲೆಕ್ಕ ಮಾಡಿದ್ದು. ಒಂದೊಂದು ತರದ್ದು ಬೇರೆ ಬೇರೆ ಮಾಡಿ ಗೆರೆ ಎಳೆದೆ. ನಮಗೆ ಬೇಕಾದ ಅಂಟಿಸಿದ ಗ್ಲಾಸಿನ ಗೆರೆ ಹೆಚ್ಚು ಕಡಿಮೆ ಸಪಾಟು. ತೂತು ಕೊರೆದು ಅಂಚು ಉಜ್ಜಿದ ದುಬಾರಿ ಮಾಲಿನದ್ದೂ ಅಷ್ಟೇ. ಮತ್ತೆ ಏರಿದ್ದು ಎಂತ? ಪೋಲೆಂಡಿನವ್ರು ಈಗ ದುಬಾರಿ ಮಾಲು ಜಾಸ್ತಿ ಮಾರ್ತಿದ್ದಾರೆ, ಅಷ್ಟೇ. ಅವ್ರೂ ಬಂಗುಡೆ ಬಿಟ್ಟು ಅಂಜಲ್‌ಗೆ ಬಂದಿದ್ದಾರೆ!

ಭಾನುವಾರ ಬೆಳಿಗ್ಗೆ ಸಾರ್ ಬರುವ ಮೊದ್ಲೇ ಅವ್ರ ಕ್ಯಾಬಿನ್ ಬಾಗಿಲಲ್ಲಿ ನಿಂತಿದ್ದೆ. ಉಸಿರು ಬಿಡದೆ ಮೀನಿನ ಕತೆ ಪೂರ್ತಿ ಹೇಳಿದೆ.

"ಅಯ್ಯೋ, ನಾನು ಮೀನು ಮುಟ್ಟೋನಲ್ಲ ಕಣಪ್ಪಾ. ಬಂಗುಡೆ ಯಾವ್ದು, ಅಂಜಲ್ ಯಾವ್ದು, ನನಗೇನು ಗೊತ್ತು?"

"ಮಾವಿನಹಣ್ಣು ಸಾರ್! ತೋತಾಪುರಿ ತಗೊಳ್ತಿದ್ದವ್ರು ಬಾದಾಮಿ ತಗೊಂಡ್ರೆ..."

ಅವ್ರು ಕೈ ಎತ್ತಿದ್ರು. "ಸಾಕು, ಅರ್ಥ ಆಯ್ತು. ರೇಟ್ ಅಲ್ಲ, ಬುಟ್ಟಿ ಬದಲಾಗಿದೆ." ಸ್ಕ್ರೀನನ್ನು ತಮ್ಮ ಕಡೆ ತಿರುಗಿಸಿದ್ರು. "ಏಜೆಂಟ್ ಸುಳ್ಳೇನೂ ಹೇಳಿಲ್ಲ ಬಿಡು. ಅವನ ಗ್ರಾಫ್ ನಿಜಾನೇ. ನಮ್ಮ ಗ್ಲಾಸಿನದ್ದಲ್ಲ, ಅಷ್ಟೆ. ಆದ್ರೆ ನಿನ್ನ ಲ್ಯಾಪ್‌ಟಾಪ್ ನೋಡಿ ನಾನು ಸೈನ್ ಹಾಕಕ್ಕಾಗಲ್ಲ. ಕೇಳೇ ಬಿಡೋಣ."

ನಂಗೆ ಅದು ಹೊಳೆದೇ ಇರ್ಲಿಲ್ಲ. ನೇರ ಪೋಲೆಂಡಿನ ಫ್ಯಾಕ್ಟರಿಗೇ ಮೇಲ್ ಹಾಕಿದ್ರು: ಹಿಂದಿನ ವರ್ಷ ಕೊಟ್ಟದ್ದೇ ಗ್ಲಾಸ್, ಅದೇ ದಪ್ಪ, ಅದೇ ಅಳತೆ, ಈಗ ಎಷ್ಟು? ಪೋಲೆಂಡಲ್ಲಿ ಭಾನುವಾರ ರಜೆ. ಉತ್ತರ ಬರುದು ಸೋಮವಾರ. ಏಜೆಂಟ್ ಫೋನಿನ ಮೇಲೆ ಫೋನ್. ಸಾರ್ ಪ್ರತಿ ಸಲ "ನಾಳೆ" ಅಂದ್ರು, ಒಂದೇ ಒಂದು ಶಬ್ದ. ನನ್ನ ಮಾತು ನಂಬಿ ಒಬ್ರು ಹಾಗೆ ಕಾದದ್ದು ಅದೇ ಮೊದ್ಲು. ನನ್ನ ಲೆಕ್ಕ ತಪ್ಪಾಗಿದ್ರೆ ಅವ್ರ ಗತಿ?

ಸೋಮವಾರ ಮಧ್ಯಾಹ್ನ ಸಾರ್ ಸ್ವತಃ ಸ್ಟೋರಿಗೆ ಇಳಿದು ಬಂದ್ರು. ಸೆಕೆಗೆ ಅವ್ರು ಕೆಳಗೆ ಬರುದೇ ಇಲ್ಲ.

"ಹೆಚ್ಚುಕಮ್ಮಿ ಹಳೇ ರೇಟೇ ಕಣಯ್ಯಾ. ಶೋರೂಮಿಗೆ ಬೇಕಾದಷ್ಟೇ ತರಿಸ್ತಿದ್ದೀನಿ. ನಾಳೆಯಿಂದ ರೇಟ್ ಮೀಟಿಂಗಿಗೆ ನೀನೂ ಬಾ. ಬರ್ತಾ ಕುರ್ಚಿ ತಗೊಂಡ್ ಬಾ, ಮೇಲೆ ಇಲ್ಲ."

ಕುರ್ಚಿಯನ್ನು ನಾನೇ ಮೆಟ್ಟಿಲು ಹತ್ತಿಸಿ ತಗೊಂಡು ಹೋದೆ. ಅದು ಈಗ್ಲೂ ಅಲ್ಲೇ ಉಂಟು.

ಆಗಸ್ಟಲ್ಲಿ ನಮ್ಮ ಸ್ಟೋರು ಅರ್ಧ ಖಾಲಿ, ಒಂದು ಹಾಳೆಗೂ ಕಲೆ ಇಲ್ಲ. ಚಳಿ ಶುರುವಾದ ಮೇಲೆ ಒಂದು ಶುಕ್ರವಾರ ರೂಮಿನವ್ರನ್ನೆಲ್ಲ ಮುಶೈರಿಬ್‌ಗೆ ಕರ್ಕೊಂಡು ಹೋಗಿ ಶೋರೂಮಿನ ಎದುರು ನಿಲ್ಲಿಸಿದೆ. ಗ್ಲಾಸ್ ಉಂಟೋ ಇಲ್ವೋ ಗೊತ್ತೇ ಆಗುದಿಲ್ಲ, ಅಷ್ಟು ಸ್ವಚ್ಛ. ಅಣ್ಣ ಹತ್ರ ಹೋಗಿ, ಮೂಗು ತಾಗುವಷ್ಟು ಬಗ್ಗಿ ನೋಡಿದ್ರು.

"ಇದು ಬಂಗುಡೆಯೋ ಅಂಜಲೋ?"

"ಬಂಗುಡೆಯೇ ಅಣ್ಣ. ಹಳೇ ರೇಟಿಗೆ!"